ಓದುಗರ ಪ್ರಶ್ನೆ, ನಮ್ಮ ಉತ್ತರ: ತಿರುಗುವ, ಆದರೆ ಬಿಸಿಯಾಗದ ಡ್ರೈಯರ್

ಮಳೆಗಾಲ ಬಂತೆಂದರೆ ಬಟ್ಟೆ ಒಣಗಿಸುವ ಯಂತ್ರಗಳ ಬಗ್ಗೆ ಪತ್ರಗಳು ಬರತೊಡಗುತ್ತವೆ. ಈ ಸಲ ತುಮಕೂರು ಜಿಲ್ಲೆಯ ನಾಲ್ವರು ಓದುಗರು ಬಹುತೇಕ ಒಂದೇ ವಿಷಯವನ್ನು ಬೇರೆ ಬೇರೆ ಕಡೆಯಿಂದ ಕೇಳಿರುವುದರಿಂದ ಇಡೀ ಅಂಕಣವನ್ನು ಅದಕ್ಕೇ ಮೀಸಲಿಟ್ಟಿದ್ದೇನೆ.

ಪ್ರಶ್ನೆ: ನಮ್ಮ ಮನೆ ತುಮಕೂರಿನ ಶೆಟ್ಟಿಹಳ್ಳಿಯಲ್ಲಿ ಎರಡನೆಯ ಮಹಡಿಯಲ್ಲಿದೆ. ಮಳೆಗಾಲಕ್ಕೆಂದು ನಾಲ್ಕು ವರ್ಷಗಳ ಹಿಂದೆ ಕೊಂಡ ಡ್ರೈಯರ್‌ನ ಡ್ರಮ್ ತಿರುಗುತ್ತದೆ, ಫ್ಯಾನಿನ ಸದ್ದೂ ಕೇಳಿಸುತ್ತದೆ. ಆದರೆ ಕಳೆದ ವಾರದಿಂದ ಎರಡು ಗಂಟೆ ಓಡಿಸಿದರೂ ಬಟ್ಟೆ ಒದ್ದೆಯಾಗಿ ತಣ್ಣಗೇ ಇರುತ್ತದೆ. ನೋಡಲು ಬಂದ ರಿಪೇರಿಯವರು ಯಂತ್ರವನ್ನು ಬಿಚ್ಚದೆಯೇ ಹೀಟರ್ ಸುಟ್ಟಿದೆ, ಹೊಸದು ಹಾಕಬೇಕು ಎಂದರು. ಡಿಪ್ಲೊಮಾ ಓದುತ್ತಿರುವ ನನ್ನ ಮಗ ಥರ್ಮಲ್ ಫ್ಯೂಸ್ ಹೋಗಿರಬಹುದು ಎನ್ನುತ್ತಾನೆ. ಅವನ ಬಳಿ ಮಲ್ಟಿಮೀಟರ್ ಇದೆ. ಆ ಫ್ಯೂಸ್ ಎಲ್ಲಿರುತ್ತದೆ, ಅದನ್ನು ಹೇಗೆ ಪರೀಕ್ಷಿಸಬೇಕು? ಹಲ್ಲಿ, ಸೊಳ್ಳೆ ಒಳಗೆ ಬರದಿರಲೆಂದು ಹೊರಗಿನ ಪೈಪಿನ ಬಾಯಿಗೆ ಸೊಳ್ಳೆ ಪರದೆಯ ಜಾಲರಿ ಕಟ್ಟಿದ್ದೇವೆ. ಅದರಿಂದ ಏನಾದರೂ ತೊಂದರೆಯೇ?
— ಗೃಹಿಣಿ, ಶೆಟ್ಟಿಹಳ್ಳಿ

ಉತ್ತರ: ಹೀಟರ್ ಕೊಳ್ಳುವ ಮೊದಲು ನಿಮ್ಮ ಮಗನ ಊಹೆಯನ್ನು ಪರೀಕ್ಷಿಸಿ ನೋಡುವುದೇ ಸರಿ, ಏಕೆಂದರೆ ಡ್ರಮ್ ತಿರುಗಿಯೂ ಬಿಸಿ ಬಾರದಿರುವುದಕ್ಕೆ ಹೀಟರ್, ಥರ್ಮೋಸ್ಟಾಟ್ ಮತ್ತು ಥರ್ಮಲ್ ಫ್ಯೂಸ್ ಮೂರೂ ಸಮಾನ ಶಂಕಿತರು. ಮೀಟರ್ ಇಟ್ಟು ನೋಡದೆ ಇವುಗಳಲ್ಲಿ ಒಂದನ್ನು ಹೆಸರಿಸುವುದು ಯಾರಿಗೂ ಸಾಧ್ಯವಿಲ್ಲ. ನಿಮ್ಮ ಪತ್ರದಲ್ಲಿ ನನಗೆ ಎಲ್ಲಕ್ಕಿಂತ ಮುಖ್ಯವಾಗಿ ಕಂಡದ್ದು ಕೊನೆಯ ವಾಕ್ಯದ ಜಾಲರಿ. ಅದಕ್ಕೆ ಆಮೇಲೆ ಬರುತ್ತೇನೆ.

ಯಂತ್ರದೊಳಗೆ ಗಾಳಿ ಸಾಗುವ ದಾರಿಯನ್ನು ತಿಳಿದರೆ ಫ್ಯೂಸನ್ನು ಎಲ್ಲಿ ಹುಡುಕಬೇಕೆಂಬುದು ತಾನಾಗಿಯೇ ತಿಳಿಯುತ್ತದೆ. ಗಾಳಿಯನ್ನು ಪೈಪಿನ ಮೂಲಕ ಹೊರಗೆ ಬಿಡುವ ನಿಮ್ಮಂಥ ಡ್ರೈಯರ್‌ನಲ್ಲಿ ಕೋಣೆಯ ಗಾಳಿ ಮೊದಲು ಹೀಟರ್‌ನ ಮೇಲೆ ಹಾದು ಕಾಯುತ್ತದೆ, ಡ್ರಮ್ಮಿನೊಳಗೆ ಹೋಗಿ ಬಟ್ಟೆಯ ತೇವವನ್ನು ಹೀರುತ್ತದೆ, ಲಿಂಟ್ ಎಂದು ಕರೆಯುವ ನೂಲಿನ ನವಿರು ಧೂಳನ್ನು ಫಿಲ್ಟರ್‌ನಲ್ಲಿ ಬಿಟ್ಟು, ಬ್ಲೋವರ್ ಫ್ಯಾನಿನ ಮೂಲಕ ಪೈಪಿಗೆ ಬಂದು ಹೊರಬೀಳುತ್ತದೆ. ಈ ಹರಿವು ಸರಾಗವಾಗಿರುವವರೆಗೆ ಹೀಟರ್‌ನ ಶಾಖವನ್ನು ಗಾಳಿ ಹೊತ್ತೊಯ್ಯುತ್ತಲೇ ಇರುತ್ತದೆ, ಮತ್ತು ಸಾಮಾನ್ಯ ಥರ್ಮೋಸ್ಟಾಟ್ ಹೀಟರನ್ನು ಆಗಾಗ ಆರಿಸಿ ಹೊತ್ತಿಸಿ ಉಷ್ಣತೆಯನ್ನು ಮಿತಿಯಲ್ಲಿಡುತ್ತದೆ. ಹರಿವು ಕಡಿಮೆಯಾದರೆ ಅಥವಾ ಥರ್ಮೋಸ್ಟಾಟ್ ಕೈಕೊಟ್ಟರೆ ಶಾಖ ಅಲ್ಲಿಯೇ ನಿಂತು ಏರುತ್ತದೆ. ಆಗ ಕೊನೆಯ ಕಾವಲಾಗಿ ಸರ್ಕ್ಯೂಟನ್ನು ಕಡಿಯುವುದು ಥರ್ಮಲ್ ಫ್ಯೂಸ್. ಮಿಕ್ಸಿಯ ಅಡಿಯಲ್ಲಿರುವ ಕೆಂಪು ಗುಂಡಿಯಂತೆ ಇದನ್ನು ಒತ್ತಿ ಮತ್ತೆ ಕೂಡಿಸಲಾಗುವುದಿಲ್ಲ. ಎಲೆಕ್ಟ್ರಿಕ್ ರೈಸ್ ಕುಕ್ಕರ್‌ನೊಳಗಿನ ಫ್ಯೂಸಿನಂತೆ ಒಮ್ಮೆ ಕಡಿದರೆ ಅದರ ಆಯುಸ್ಸು ಮುಗಿಯಿತು, ಹೊಸದನ್ನೇ ಹಾಕಬೇಕು.

ಹಾಗಾದರೆ ಅದು ಇರುವುದು ಶಾಖ ಏರುವ ಜಾಗದಲ್ಲಿ: ಒಂದೋ ಹೀಟರನ್ನು ಮುಚ್ಚಿರುವ ತಗಡಿನ ಪೆಟ್ಟಿಗೆಯ ಮೇಲೆ, ಇಲ್ಲವೇ ಗಾಳಿ ಹೊರಹೋಗುವ ಬ್ಲೋವರ್‌ನ ಕವಚದ ಮೇಲೆ. ಬಹಳಷ್ಟು ಯಂತ್ರಗಳಲ್ಲಿ ಹಿಂಬದಿಯ ಮುಚ್ಚಳ ತೆಗೆದರೆ ಇವೆರಡೂ ಕಾಣುತ್ತವೆ. ಅಲ್ಲಿ ನಾಣ್ಯದ ಗಾತ್ರದ, ತಂತಿ ಸಿಕ್ಕಿಸುವ ಎರಡು ಚಪ್ಪಟೆ ತುದಿಗಳು, ಅಂದರೆ ಟರ್ಮಿನಲ್‌ಗಳು, ಇರುವ ಒಂದೆರಡು ಬಿಲ್ಲೆಗಳನ್ನೋ ಬೆರಳಿನ ಅಗಲದ ಬಿಳಿ ಪ್ಲಾಸ್ಟಿಕ್ ತುಂಡನ್ನೋ ಕಾಣುವಿರಿ. ಥರ್ಮೋಸ್ಟಾಟ್‌ಗೂ ಥರ್ಮಲ್ ಫ್ಯೂಸಿಗೂ ಹೊರರೂಪದಲ್ಲಿ ಹೋಲಿಕೆ ಇರುವುದರಿಂದ ಕಣ್ಣಳತೆಯನ್ನು ನಂಬದೆ, ಮುಚ್ಚಳದ ಒಳಬದಿಯಲ್ಲಿ ಅಂಟಿಸಿರುವ ವೈರಿಂಗ್ ಚಿತ್ರವಿದ್ದರೆ ಅದನ್ನೂ, ಬಿಲ್ಲೆಯ ಮೇಲೆ ಅಚ್ಚಾಗಿರುವ ಉಷ್ಣತೆಯನ್ನೂ ಓದಿಕೊಳ್ಳಿ. ಬ್ಲೋವರ್ ಬಳಿಯ ಫ್ಯೂಸಿಗೆ ಕಡಿಮೆ ಉಷ್ಣತೆ ಇರುತ್ತದೆ. ಅಮೆರಿಕದ ಬಹುಬಳಕೆಯ ಒಂದು ಮಾದರಿಯಲ್ಲಿ ಅದು 196 ಡಿಗ್ರಿ ಫ್ಯಾರನ್‌ಹೀಟ್, ಅಂದರೆ ಸುಮಾರು 91 ಡಿಗ್ರಿ ಸೆಲ್ಸಿಯಸ್. ಹೀಟರ್ ಪೆಟ್ಟಿಗೆಯ ಮೇಲಿನದಕ್ಕೆ ಇದಕ್ಕಿಂತ ಬಹಳ ಹೆಚ್ಚು. ಕೆಲವು ಮಾದರಿಗಳಲ್ಲಿ ಫ್ಯೂಸಿನ ಜಾಗದಲ್ಲಿ ಸಣ್ಣ ಗುಂಡಿಯಿರುವ ಕಟ್‌ಔಟ್ ಇದ್ದು, ತಣಿದ ಮೇಲೆ ಆ ಗುಂಡಿಯನ್ನು ಒತ್ತಿದರೆ ಸಾಕಾಗುತ್ತದೆ. ಇನ್ನು ಕೆಲವು ಯಂತ್ರಗಳಲ್ಲಿ ಫ್ಯೂಸ್ ಮೋಟಾರಿನ ಸರ್ಕ್ಯೂಟಿನಲ್ಲಿಯೇ ಇರುವುದರಿಂದ ಅದು ಹೋದರೆ ಡ್ರಮ್ ಸಹ ತಿರುಗುವುದಿಲ್ಲ. ನಿಮ್ಮದು ತಿರುಗುತ್ತಿರುವುದರಿಂದ ಹೀಟರ್‌ನ ಸಾಲಿನಲ್ಲಿರುವ ಫ್ಯೂಸಿನ ಮೇಲೆ ಮೊದಲ ಗಮನವಿರಲಿ.

ಪರೀಕ್ಷೆಗೆ ಮುನ್ನ ಪ್ಲಗ್ಗನ್ನು ಸಾಕೆಟ್ಟಿನಿಂದ ಪೂರ್ತಿ ಕಿತ್ತು, ಅದು ಕಣ್ಣಿಗೆ ಕಾಣುವಂತೆ ಯಂತ್ರದ ಮುಂದೆ ಇಟ್ಟುಕೊಳ್ಳಬೇಕು. ಸ್ವಿಚ್ ಆರಿಸುವುದು ಸಾಲದು. ಹಳೆಯ ವೈರಿಂಗಿನಲ್ಲಿ ಫೇಸ್ ಬದಲು ನ್ಯೂಟ್ರಲ್ ತಂತಿಯನ್ನು ಸ್ವಿಚ್ಚಿಗೆ ಕೊಟ್ಟಿರುವ ಮನೆಗಳನ್ನು ನಾನು ನೋಡಿದ್ದೇನೆ, ಅಲ್ಲಿ ಸ್ವಿಚ್ ಆರಿದ್ದರೂ ಯಂತ್ರದೊಳಗೆ ಕರೆಂಟ್ ಇರುತ್ತದೆ. ಮೋಟಾರಿನ ಕೆಪಾಸಿಟರ್ ಕೆಲವು ನಿಮಿಷ ವಿದ್ಯುತ್ತನ್ನು ಹಿಡಿದಿಟ್ಟುಕೊಳ್ಳಬಲ್ಲದಾದ್ದರಿಂದ ಸ್ವಲ್ಪ ಕಾದು, ಅದರ ತಂತಿಗಳನ್ನು ಮುಟ್ಟದೆ ಕೆಲಸ ಮಾಡಿ. ತಗಡಿನ ಅಂಚು ಹರಿತವಾಗಿರುವುದರಿಂದ ದಪ್ಪ ಕೈಗವಸು ಹಾಕಿಕೊಳ್ಳಲಿ. ಯಾವ ತಂತಿ ಎಲ್ಲಿತ್ತು ಎಂಬುದನ್ನು ಮೊಬೈಲಿನಲ್ಲಿ ಫೋಟೋ ತೆಗೆದುಕೊಂಡು, ಫ್ಯೂಸಿನ ಎರಡು ತಂತಿಗಳಲ್ಲಿ ಒಂದನ್ನಾದರೂ ಟರ್ಮಿನಲ್ ಹಿಡಿದು ಎಳೆದು ಬಿಡಿಸಬೇಕು. ತಂತಿ ಬಿಡಿಸದೆ ಅಳೆದರೆ ಮೀಟರಿನ ವಿದ್ಯುತ್ತು ಬೇರೆ ದಾರಿಯಲ್ಲಿ ಸುತ್ತಿ ಬಂದು, ಹೋದ ಫ್ಯೂಸೂ ಸರಿಯಾಗಿರುವಂತೆ ತೋರಬಹುದು.

ಈಗ ಮಲ್ಟಿಮೀಟರನ್ನು ವಿದ್ಯುತ್ತಿನ ತಡೆಯನ್ನು ಅಳೆಯುವ ಓಮ್‌ನ ಅತಿ ಕಡಿಮೆ ಶ್ರೇಣಿಗೆ ತಿರುಗಿಸಿ, ಮೊದಲು ಅದರ ಎರಡು ಕಡ್ಡಿಗಳನ್ನೇ ಒಂದಕ್ಕೊಂದು ತಾಗಿಸಿ ಬರುವ ಅಂಕಿಯನ್ನು ಗುರುತಿಟ್ಟುಕೊಳ್ಳಿ. ಬಳಿಕ ಫ್ಯೂಸಿನ ಎರಡು ತುದಿಗೆ ಕಡ್ಡಿಗಳನ್ನು ಇಟ್ಟಾಗ ಹೆಚ್ಚುಕಡಿಮೆ ಅದೇ ಅಂಕಿ, ಅಂದರೆ ಸೊನ್ನೆಗೆ ಹತ್ತಿರದ ಓಮ್, ಬಂದರೆ ಫ್ಯೂಸ್ ಸರಿಯಿದೆ. ಪರದೆಯ ಎಡಕ್ಕೆ ಒಂಟಿ 1 ಅಥವಾ ಓ.ಎಲ್. ಎಂಬ ಅಕ್ಷರಗಳು ನಿಂತರೆ ಫ್ಯೂಸ್ ಕಡಿದಿದೆ. ಹಲವರು ಬೀಪ್ ಸದ್ದಿಗೆ ತೃಪ್ತರಾಗುತ್ತಾರೆ, ನಾನು ಅಂಕಿಯನ್ನೇ ನೋಡಲು ಹೇಳುತ್ತೇನೆ, ಏಕೆಂದರೆ ಬೀಪ್ ಹತ್ತಾರು ಓಮ್‌ಗೂ ಕೂಗುತ್ತದೆ. 2000 ವಾಟ್‌ನ ಹೀಟರ್ 230 ವೋಲ್ಟಿನಲ್ಲಿ ಸುಮಾರು 8.7 ಆಂಪಿಯರ್ ಎಳೆಯುವುದರಿಂದ, ಸಾಲಿನಲ್ಲಿ ಎಲ್ಲಿಯಾದರೂ ಒಂದೇ ಓಮ್ ತಡೆ ಉಳಿದಿದ್ದರೂ ಆ ಪುಟ್ಟ ಜಾಗದಲ್ಲಿ ಸುಮಾರು 76 ವಾಟ್ ಶಾಖ ಹುಟ್ಟುತ್ತದೆ. ಸಡಿಲವಾದ ಟರ್ಮಿನಲ್ ಕಪ್ಪಾಗಿ ಸುಡುವುದೂ, ಪಕ್ಕದ ಫ್ಯೂಸನ್ನು ಸುಳ್ಳು ಕಾರಣಕ್ಕೆ ಕಡಿಯುವಂತೆ ಮಾಡುವುದೂ ಹೀಗೆಯೇ. ಟರ್ಮಿನಲ್ ಬಣ್ಣ ಕೆಟ್ಟಿದ್ದರೆ ಅದನ್ನೂ ಹೊಸದಾಗಿ ಕ್ರಿಂಪ್ ಮಾಡಿಸಬೇಕು, ಅಂದರೆ ಇಕ್ಕಳದಿಂದ ಒತ್ತಿ ತಂತಿಗೆ ಕೂರಿಸಬೇಕು.

ಮುಚ್ಚಳ ತೆರೆದಿರುವಾಗಲೇ ಹೀಟರನ್ನೂ ಅಳೆದುಬಿಡಿ. 2000 ವಾಟ್‌ನದಾದರೆ ಸುಮಾರು 26 ಓಮ್ ಬರಬೇಕು; ವಾಟ್ ಬೇರೆಯಾಗಿದ್ದರೆ 230ರ ವರ್ಗವನ್ನು ವಾಟಿನಿಂದ ಭಾಗಿಸಿ ನೋಡಿ. ಹೀಟರ್‌ನ ಟರ್ಮಿನಲ್‌ಗೂ ಯಂತ್ರದ ಮೈಗೂ ನಡುವೆ ಏನೂ ತೋರಬಾರದು. ತೋರಿದರೆ ಸುರುಳಿ ಜೋತುಬಿದ್ದು ತಗಡಿಗೆ ತಾಗಿದೆ ಎಂದರ್ಥ, ಆಗ ನಿಜಕ್ಕೂ ಹೀಟರ್ ಬದಲಿಸಬೇಕು. ಥರ್ಮೋಸ್ಟಾಟ್ ತಣ್ಣಗಿರುವಾಗ ಸೊನ್ನೆಗೆ ಹತ್ತಿರ ತೋರಿಸಬೇಕು.

ಒಂದು ಅಭ್ಯಾಸದ ಬಗ್ಗೆ ಎಚ್ಚರಿಸಬೇಕಾಗಿದೆ. ನಮ್ಮಲ್ಲಿ ಪ್ಲಗ್ ಹಾಕಿಟ್ಟು ಲೈನ್ ಟೆಸ್ಟರ್‌ನಿಂದ ಫ್ಯೂಸಿನ ಎರಡು ಕಡೆ ಮುಟ್ಟಿ ನೋಡುವ ರೂಢಿಯಿದೆ. ಇದು ಜೀವಕ್ಕೆ ಅಪಾಯ ಎಂಬುದಷ್ಟೇ ಅಲ್ಲ, ಉತ್ತರವೂ ತಪ್ಪಾಗುತ್ತದೆ: ಕಡಿತ ನ್ಯೂಟ್ರಲ್ ಬದಿಯಲ್ಲಿದ್ದರೆ ಹೀಟರ್‌ನ ಮೂಲಕ ಫೇಸ್ ಹಾದುಬಂದು ಅನೇಕ ಕಡೆ ಟೆಸ್ಟರ್ ಉರಿಯುತ್ತದೆ, ಪಕ್ಕದ ತಂತಿಯ ಪ್ರಭಾವಕ್ಕೂ ಅದು ಮಂಕಾಗಿ ಉರಿಯುತ್ತದೆ. ಮಲ್ಟಿಮೀಟರ್ ಇಲ್ಲದವರು ಒಂದು ಟಾರ್ಚ್ ಸೆಲ್, ಅದಕ್ಕೆ ತಕ್ಕ ಪುಟ್ಟ ಬಲ್ಬು ಮತ್ತು ಎರಡು ತುಂಡು ತಂತಿಗಳಿಂದ, ಯಂತ್ರದಿಂದ ಬಿಡಿಸಿದ ಫ್ಯೂಸನ್ನು ನಡುವೆ ಸೇರಿಸಿ ನೋಡಬಹುದು. ಬಲ್ಬು ಹೊತ್ತಿದರೆ ಫ್ಯೂಸ್ ಕಡಿದಿಲ್ಲ.

ಫ್ಯೂಸ್ ಹೋಗಿರುವುದು ಖಚಿತವಾದರೆ ಯಂತ್ರದ ಮಾದರಿ ಸಂಖ್ಯೆ ಬರೆದುಕೊಂಡು ಕಂಪನಿಯ ಬಿಡಿಭಾಗವನ್ನೇ ತರಿಸಿ. ಉಷ್ಣತೆ ಮತ್ತು ಆಂಪಿಯರ್ ಎರಡೂ ಹಳೆಯದರಂತೆಯೇ ಇರಬೇಕು. ಬೆಂಗಳೂರಿನ ಎಸ್.ಪಿ. ರಸ್ತೆಯ ಬಿಡಿಭಾಗಗಳ ಅಂಗಡಿಗಳಿಗೆ ಹೋಗಿ ತರುವವರೂ ಇದ್ದಾರೆ, ಆದರೆ ಹಳೆಯ ಫ್ಯೂಸನ್ನು ಜೊತೆಗೆ ಒಯ್ಯದೆ ಹೋಗಬೇಡಿ. ಯಂತ್ರ ಇನ್ನೂ ವಾರಂಟಿಯಲ್ಲಿದ್ದರೆ ಬಿಚ್ಚುವ ಮೊದಲು ಅದರ ಷರತ್ತನ್ನು ಓದಿ.

ಇನ್ನು ಜಾಲರಿ. ನಿಮ್ಮ ಫ್ಯೂಸ್ ಹೋಗಿದ್ದರೆ ಅದಕ್ಕೆ ಕಾರಣ ಇದೇ ಇರಬಹುದೆಂದು ನನ್ನ ಬಲವಾದ ಅನುಮಾನ. ಫಿಲ್ಟರ್ ಎಷ್ಟೇ ಚೆನ್ನಾಗಿದ್ದರೂ ಅತಿ ನವಿರಾದ ನೂಲಿನ ಧೂಳು ಅದನ್ನು ದಾಟಿ ಪೈಪಿಗೆ ಬರುತ್ತದೆ, ಅದೂ ತೇವದ ಗಾಳಿಯ ಜೊತೆಗೆ. ಸೊಳ್ಳೆ ಪರದೆಯಷ್ಟು ಸಣ್ಣ ಕಣ್ಣಿನ ಜಾಲರಿಗೆ ಅದು ಪದರ ಪದರವಾಗಿ ಮೆತ್ತಿಕೊಂಡು ಕೊನೆಗೆ ಕಂಬಳಿಯಂತಾಗುತ್ತದೆ. ಜಾಲರಿಯನ್ನು ಇಂದೇ ಬಿಚ್ಚಿ ನೋಡಿ. ಹಲ್ಲಿಯ ಭಯಕ್ಕೆ, ಗಾಳಿ ಬಂದಾಗ ತೆರೆದು ನಿಂತಾಗ ಮುಚ್ಚಿಕೊಳ್ಳುವ ರೆಕ್ಕೆ ಮುಚ್ಚಳ ಹಾಕಿಸಿ. ಪೈಪು ಗೋಡೆಗೂ ಯಂತ್ರಕ್ಕೂ ನಡುವೆ ಸಿಕ್ಕಿ ಅಪ್ಪಚ್ಚಿಯಾಗಿಲ್ಲವೆಂದು ಖಚಿತಪಡಿಸಿಕೊಂಡು, ಅದನ್ನು ಪೂರ್ತಿ ಕಳಚಿ ಒಳಗೆ ಸ್ವಚ್ಛಗೊಳಿಸಿದ ಬಳಿಕವಷ್ಟೇ ಹೊಸ ಫ್ಯೂಸ್ ಹಾಕಿ. ಯಂತ್ರ ಓಡುವಾಗ ಪೈಪಿನ ಬಾಯಿಯ ಮುಂದೆ ಹಿಡಿದ ಅಂಗೈಗೆ ಗಾಳಿ ಜೋರಾಗಿ ತಾಗಬೇಕು.

ಪ್ರಶ್ನೆ: ನಾವು ತಿಪಟೂರು ತಾಲ್ಲೂಕಿನವರು. ನಮ್ಮ ಡ್ರೈಯರ್‌ನ ಥರ್ಮಲ್ ಫ್ಯೂಸನ್ನು ಐದು ತಿಂಗಳಲ್ಲಿ ಎರಡು ಸಲ ಬದಲಿಸಿದ್ದೇವೆ, ಈಗ ಮೂರನೆಯದೂ ಹೋಗಿದೆ. ಫಿಲ್ಟರನ್ನು ಪ್ರತಿ ಸಲ ಸ್ವಚ್ಛಗೊಳಿಸುತ್ತೇವೆ, ಪೈಪು ಕೇವಲ ಮೂರು ಅಡಿ ಉದ್ದವಿದೆ. ಯಂತ್ರವನ್ನು ಕೊಬ್ಬರಿ ಅಟ್ಟದ ಕೆಳಗಿನ ಕೋಣೆಯಲ್ಲಿ ಇಟ್ಟಿದ್ದೇವೆ. ಕರೆಂಟ್ ಆಗಾಗ ಹೋಗಿ ಬರುತ್ತದೆ. ಸಿಗುತ್ತಿರುವ ಫ್ಯೂಸುಗಳೇ ಕಳಪೆಯೇ?
— ಕೃಷಿಕರು, ತಿಪಟೂರು ತಾಲ್ಲೂಕು

ಉತ್ತರ: ಮೂರೂ ಫ್ಯೂಸುಗಳು ಕಳಪೆಯಾಗಿರುವುದಕ್ಕಿಂತ, ಮೂರೂ ತಮ್ಮ ಕೆಲಸವನ್ನು ಸರಿಯಾಗಿ ಮಾಡಿರುವ ಸಾಧ್ಯತೆಯೇ ಹೆಚ್ಚು. ಗಾಳಿ ಹೊರಹೋಗುವ ಬದಿಯನ್ನು ನೀವು ಚೆನ್ನಾಗಿ ನೋಡಿಕೊಂಡಿದ್ದೀರಿ. ಒಳಬರುವ ಬದಿಯನ್ನು ಯಾರೂ ನೋಡಿದಂತಿಲ್ಲ. ಅಟ್ಟದ ಕೆಳಗೆ ತೆಂಗಿನ ನಾರಿನ ಎಳೆಗಳೂ ಜುಂಗೂ ಗಾಳಿಯಲ್ಲಿ ತೇಲುತ್ತಲೇ ಇರುತ್ತವೆ. ಯಂತ್ರ ಅದೇ ಗಾಳಿಯನ್ನು ಹಿಂಬದಿಯ ಸೀಳುಗಳಿಂದ ಎಳೆದುಕೊಳ್ಳುವುದರಿಂದ ನಾರು ಆ ಸೀಳುಗಳಲ್ಲಿಯೂ ಹೀಟರ್ ಪೆಟ್ಟಿಗೆಯ ಬಾಯಲ್ಲಿಯೂ ಸಿಕ್ಕಿಕೊಳ್ಳುತ್ತದೆ. ಫಿಲ್ಟರ್ ಇರುವುದು ಡ್ರಮ್ಮಿನ ಆಚೆಗೆ, ಆದ್ದರಿಂದ ಒಳಬರುವ ಗಾಳಿಯ ಕಸವನ್ನು ಅದು ತಡೆಯಲಾರದು. ಒಣನಾರು ಕಾದ ಸುರುಳಿಯ ಹತ್ತಿರ ಕೂಡುವುದು ಫ್ಯೂಸ್ ಹೋಗುವುದಕ್ಕಿಂತ ಬಹಳ ದೊಡ್ಡ ಅಪಾಯ, ಅದೂ ಮೇಲೆ ವರ್ಷದ ಕೊಬ್ಬರಿ ಇರುವಾಗ. ದಯವಿಟ್ಟು ಯಂತ್ರವನ್ನು ಆ ಕೋಣೆಯಿಂದ ಸ್ಥಳಾಂತರಿಸಿ. ಇದೊಂದು ಮಾತನ್ನು ನಾನು ಸಲಹೆಯಾಗಿ ಅಲ್ಲ, ವಿನಂತಿಯಾಗಿ ಬರೆಯುತ್ತಿದ್ದೇನೆ.

ಎರಡನೆಯ ಕಾರಣ ಕರೆಂಟ್ ಇರಬಹುದು. ಡ್ರೈಯರ್ ತನ್ನ ಸುತ್ತನ್ನು ಮುಗಿಸುವ ಮುನ್ನ ಕೆಲವು ನಿಮಿಷ ಹೀಟರ್ ಆರಿಸಿ ಬರಿಯ ಗಾಳಿಯಿಂದ ಬಟ್ಟೆಯನ್ನೂ ತನ್ನ ಒಡಲನ್ನೂ ತಣಿಸಿಕೊಳ್ಳುತ್ತದೆ. ನಡುವೆ ಕರೆಂಟ್ ಹೋದರೆ ಬ್ಲೋವರ್ ತಟ್ಟನೆ ನಿಲ್ಲುತ್ತದೆ, ಕೆಂಪಗೆ ಕಾದ ಸುರುಳಿಯ ಶಾಖ ಪೆಟ್ಟಿಗೆಯೊಳಗೇ ಉಳಿದು ಫ್ಯೂಸಿನ ಮಿತಿಯನ್ನು ಮುಟ್ಟಬಹುದು. ಹಾಗಾದಾಗ ಕೂಡಲೇ ಬಾಗಿಲು ತೆರೆದು ಬಟ್ಟೆಗಳನ್ನೆಲ್ಲ ಹೊರತೆಗೆದು ಹರಡಿ. ಬಿಸಿ ಬಟ್ಟೆಯ ಮುದ್ದೆಯನ್ನು ಮುಚ್ಚಿದ ಡ್ರಮ್ಮಿನಲ್ಲಿ ಬಿಡಬಾರದೆಂಬ ಎಚ್ಚರಿಕೆ ಯಂತ್ರದ ಕೈಪಿಡಿಗಳಲ್ಲಿಯೂ ಇರುತ್ತದೆ. ಕರೆಂಟ್ ಬಂದ ಮೇಲೆ ತಂಪು ಗಾಳಿಯ ಪ್ರೋಗ್ರಾಂ ಇದ್ದರೆ ಮೊದಲು ಅದನ್ನು ಓಡಿಸಿ.

ವೋಲ್ಟೇಜ್ ಎಷ್ಟು ಬರುತ್ತಿದೆ ಎಂಬುದನ್ನೂ ರಾತ್ರಿ ಹೊತ್ತು ಒಮ್ಮೆ ಅಳೆಸಿ. ಹೀಟರ್‌ನ ಶಾಖ ವೋಲ್ಟೇಜಿನ ವರ್ಗಕ್ಕೆ ತಕ್ಕಂತೆ ಏರುತ್ತದೆ: 230 ವೋಲ್ಟಿಗೆ 2000 ವಾಟ್ ಕೊಡುವ ಸುರುಳಿ 260 ವೋಲ್ಟಿಗೆ ಸುಮಾರು 2550 ವಾಟ್ ಕೊಡುತ್ತದೆ, ಆದರೆ ಅದನ್ನು ಹೊತ್ತೊಯ್ಯುವ ಗಾಳಿ ಅದೇ ಪ್ರಮಾಣದಲ್ಲಿ ಹೆಚ್ಚುವುದಿಲ್ಲ.

ಇವೆಲ್ಲ ಸರಿಯಿದ್ದೂ ನಾಲ್ಕನೆಯ ಫ್ಯೂಸ್ ಹೋದರೆ, ಹೀಟರನ್ನು ಆರಿಸಬೇಕಾದ ಥರ್ಮೋಸ್ಟಾಟ್ ಅಥವಾ ರಿಲೇ ಎಂಬ ವಿದ್ಯುತ್ ಸ್ವಿಚ್ಚಿನ ತುದಿಗಳು ಬೆಸೆದುಕೊಂಡಿರಬಹುದು. ಎಲೆಕ್ಟ್ರಾನಿಕ್ ನಿಯಂತ್ರಣದ ಯಂತ್ರವಾದರೆ ಉಷ್ಣತೆಯನ್ನು ಅಳೆಯುವ ಥರ್ಮಿಸ್ಟರ್ ಸಹ ಕೆಟ್ಟಿರಬಹುದು. ಬಿಸಿ ಏರಿದಂತೆ ಅದರ ಓಮ್ ಇಳಿಯಬೇಕು. ಮೀಟರಿಗೆ ಜೋಡಿಸಿ ಬೆರಳುಗಳ ನಡುವೆ ಹಿಡಿದರೂ ಅಂಕಿ ನಿಧಾನವಾಗಿ ಇಳಿಯುವುದು ಕಾಣುತ್ತದೆ. ಬ್ಲೋವರ್‌ನ ಪ್ಲಾಸ್ಟಿಕ್ ಚಕ್ರ ಶಾಫ್ಟಿನ ಮೇಲೆ ಜಾರುತ್ತಿದೆಯೇ ಎಂದೂ ಕೈಯಿಂದ ತಿರುಗಿಸಿ ನೋಡಿಸಿ.

ಪ್ರಶ್ನೆ: ತುಮಕೂರು ನಗರದಲ್ಲಿ ವಿದ್ಯಾರ್ಥಿನಿಲಯವೊಂದನ್ನು ನೋಡಿಕೊಳ್ಳುತ್ತಿದ್ದೇನೆ. ಡ್ರೈಯರ್‌ನ ಥರ್ಮಲ್ ಫ್ಯೂಸ್ ಹೋಗಿದೆ, ಹೊಸದು ಬರಲು ಹದಿನೈದು ದಿನ ಬೇಕಂತೆ. ಅಲ್ಲಿಯವರೆಗೆ ಎರಡು ತಂತಿಗಳನ್ನು ಸೇರಿಸಿ ಡೈರೆಕ್ಟ್ ಮಾಡಿಕೊಡುತ್ತೇನೆ ಎಂದು ಎಲೆಕ್ಟ್ರಿಷಿಯನ್ ಹೇಳುತ್ತಿದ್ದಾರೆ. ಥರ್ಮೋಸ್ಟಾಟ್ ಇದ್ದೇ ಇದೆಯಲ್ಲ, ಹದಿನೈದು ದಿನಕ್ಕೆ ಏನಾಗುತ್ತದೆ ಎಂಬುದು ಅವರ ವಾದ.
— ಮೇಲ್ವಿಚಾರಕರು, ತುಮಕೂರು

ಉತ್ತರ: ಒಪ್ಪಬೇಡಿ. ಥರ್ಮೋಸ್ಟಾಟ್ ಮತ್ತು ಗಾಳಿಯ ದಾರಿ ಎರಡೂ ಸರಿಯಿದ್ದಿದ್ದರೆ ಫ್ಯೂಸ್ ಹೋಗುವ ಸಂಭವವೇ ಕಡಿಮೆಯಿತ್ತು. ಅವುಗಳಲ್ಲಿ ಒಂದು ಕೆಟ್ಟಿರುವ ಸಂಶಯವಿರುವಾಗಲೇ ಕೊನೆಯ ಕಾವಲನ್ನು ತೆಗೆದುಹಾಕಲು ಅವರು ಹೇಳುತ್ತಿದ್ದಾರೆ. ಅಮೆರಿಕದ ಅಗ್ನಿಶಾಮಕ ಆಡಳಿತದ ಅಂದಾಜಿನಂತೆ 2008ರಿಂದ 2010ರ ಅವಧಿಯಲ್ಲಿ ಆ ದೇಶದ ವಾಸದ ಕಟ್ಟಡಗಳಲ್ಲಿ ಡ್ರೈಯರ್‌ಗಳಿಂದ ವರ್ಷಕ್ಕೆ ಸುಮಾರು 2900 ಬೆಂಕಿ ಪ್ರಕರಣಗಳು ವರದಿಯಾಗಿದ್ದವು, ಮತ್ತು ಅವುಗಳ ಕಾರಣಗಳಲ್ಲಿ ಮೊದಲನೆಯದು ಯಂತ್ರವನ್ನು ಸ್ವಚ್ಛವಾಗಿಡದಿರುವುದು. ಬಹುಪಾಲು ಮನೆಗಳಲ್ಲಿ ಈ ಯಂತ್ರವಿರುವ ದೇಶದ ಸಂಖ್ಯೆಯನ್ನು ನಮ್ಮ ಊರಿಗೆ ಹಾಗೆಯೇ ಹೊಂದಿಸಲಾಗದು, ಆದರೆ ನೂಲಿನ ಧೂಳು ಹೊತ್ತಿಕೊಳ್ಳುವ ರೀತಿ ಎಲ್ಲ ಕಡೆಯೂ ಒಂದೇ. ನಿಮ್ಮಲ್ಲಿ ಮಲಗುವ ಮಕ್ಕಳು ಮೇಲಿನ ಮಹಡಿಗಳಲ್ಲಿರುತ್ತಾರೆ.

ಹದಿನೈದು ದಿನ ಹೀಟರನ್ನು ಬಿಟ್ಟು ಬಟ್ಟೆಗಳನ್ನು ವಾಷಿಂಗ್ ಮೆಷಿನ್ನಿನಲ್ಲಿ ಎರಡು ಸಲ ಹಿಂಡಿಸಿ, ಫ್ಯಾನಿನ ಕೆಳಗೆ ಹಗ್ಗ ಕಟ್ಟಿ ಒಣಗಿಸಿ. ಹೊಸ ಫ್ಯೂಸ್ ಎರಡು ಉದ್ದ ತಂತಿಗಳಿರುವ ಲೋಹದ ಕೊಳವೆಯಂಥದ್ದಾಗಿದ್ದರೆ ಅದನ್ನು ಬೆಸುಗೆ ಹಾಕಿ ಕೂಡಿಸಲು ಬಿಡಬೇಡಿ. ಅಂಥವುಗಳಲ್ಲಿ ನಿರ್ದಿಷ್ಟ ಉಷ್ಣತೆಗೆ ಕರಗುವ ಗುಳಿಗೆಯೊಂದು ಸ್ಪ್ರಿಂಗನ್ನು ಒತ್ತಿ ಹಿಡಿದಿರುತ್ತದೆ. ಬೆಸುಗೆಯ ಶಾಖ ತಂತಿಯಲ್ಲಿ ಹರಿದು ಗುಳಿಗೆಯನ್ನು ಕರಗಿಸಿದರೆ ಹೊಸ ಫ್ಯೂಸ್ ಅಲ್ಲಿಯೇ ಕೆಡುತ್ತದೆ. ಕ್ರಿಂಪ್ ಮಾಡುವುದೇ ಸರಿಯಾದ ವಿಧಾನ.

ನೀವು ಕೇಳದ ಒಂದು ವಿಷಯವನ್ನೂ ಸೇರಿಸುತ್ತೇನೆ. ಅಡುಗೆಮನೆಯ ಎಣ್ಣೆ ಒರೆಸಿದ ಬಟ್ಟೆ, ಅಡುಗೆಯವರ ಏಪ್ರನ್‌ಗಳನ್ನು ಈ ಯಂತ್ರಕ್ಕೆ ಹಾಕಿಸಬೇಡಿ. ಒಗೆದರೂ ಪೂರ್ತಿ ಹೋಗದ ಅಡುಗೆ ಎಣ್ಣೆ, ಬಿಸಿ ಬಟ್ಟೆಯ ರಾಶಿಯಲ್ಲಿ ಗಾಳಿಯ ಆಮ್ಲಜನಕದೊಡನೆ ಕೂಡಿ ತಾನೇ ಶಾಖವನ್ನು ಹುಟ್ಟಿಸುತ್ತ ಹೋಗುತ್ತದೆ, ಮತ್ತು ಯಂತ್ರ ನಿಂತು ಎಷ್ಟೋ ಹೊತ್ತಾದ ಮೇಲೆ ಹೊತ್ತಿಕೊಳ್ಳಬಲ್ಲದು. ಇದನ್ನು ಯಾವ ಫ್ಯೂಸೂ ತಡೆಯಲಾರದು.

ಪ್ರಶ್ನೆ: ನಮ್ಮ ಸೆಮಿ ಆಟೋಮ್ಯಾಟಿಕ್ ವಾಷಿಂಗ್ ಮೆಷಿನ್ನಿನ ಡ್ರೈಯರ್ ತಿರುಗುತ್ತಿಲ್ಲ, ಗುಂಯ್ ಎಂದು ಸದ್ದು ಮಾತ್ರ ಬರುತ್ತದೆ. ಇದರಲ್ಲಿಯೂ ಥರ್ಮಲ್ ಫ್ಯೂಸ್ ಇರುತ್ತದೆಯೇ?
— ಓದುಗರು, ಮಧುಗಿರಿ

ಉತ್ತರ: ನೀವು ಡ್ರೈಯರ್ ಎನ್ನುತ್ತಿರುವುದು ಬಟ್ಟೆಯನ್ನು ವೇಗವಾಗಿ ತಿರುಗಿಸಿ ನೀರು ಹಿಂಡುವ ಟಬ್. ಅದರಲ್ಲಿ ಹೀಟರ್ ಇಲ್ಲ, ಆದ್ದರಿಂದ ಮೇಲೆ ವಿವರಿಸಿದ ಫ್ಯೂಸೂ ಇಲ್ಲ. ಕೆಲವು ಮೋಟಾರುಗಳ ಸುರುಳಿಯೊಳಗೆ ಶಾಖದಿಂದ ಕಡಿಯುವ ಪುಟ್ಟ ರಕ್ಷಕವನ್ನು ಕಟ್ಟಿರುತ್ತಾರೆ, ಆದರೆ ಅದು ಕಡಿದಿದ್ದರೆ ಮೋಟಾರು ಸದ್ದನ್ನೇ ಮಾಡುತ್ತಿರಲಿಲ್ಲ. ಮುಚ್ಚಳದ ಸ್ವಿಚ್ ಕೆಟ್ಟಿದ್ದರೂ ಹಾಗೆಯೇ. ಸದ್ದು ಬಂದು ತಿರುಗದಿರುವುದರಿಂದ ಮೋಟಾರು ತಿರುಗತೊಡಗಲು ನೆರವಾಗುವ ಕೆಪಾಸಿಟರ್ ದುರ್ಬಲವಾಗಿರಬಹುದು, ಇಲ್ಲವೇ ಮುಚ್ಚಳ ತೆರೆದಾಗ ಟಬ್ಬನ್ನು ನಿಲ್ಲಿಸುವ ಬ್ರೇಕಿನ ತಂತಿ ಸಡಿಲಗೊಂಡು ಬ್ರೇಕ್ ಬಿಡದೆ ಹಿಡಿದಿರಬಹುದು. ಪ್ಲಗ್ ಕಿತ್ತು, ಮುಚ್ಚಳ ಮುಚ್ಚಿದ ಸ್ಥಿತಿಯಲ್ಲಿ ಹಿಂಬದಿಯಿಂದ ಮೋಟಾರಿನ ಮೇಲಿನ ಬ್ರೇಕ್ ಚಕ್ರವನ್ನು ಕೈಯಿಂದ ತಿರುಗಿಸಿ ನೋಡಿ. ಸರಾಗವಾಗಿ ತಿರುಗಿದರೆ ಕೆಪಾಸಿಟರನ್ನು ಪರೀಕ್ಷಿಸಿ. ಬಿಗಿಯಾಗಿದ್ದರೆ ಮೊದಲು ಬ್ರೇಕಿನ ತಂತಿಯನ್ನು ಸರಿಪಡಿಸಿ ನೋಡಿ. ಸಂಶಯವಿದ್ದರೆ ಯಂತ್ರದ ಹಿಂಬದಿಯ ಚೀಟಿಯಲ್ಲಿರುವ ಮಾದರಿ ಸಂಖ್ಯೆಯನ್ನೂ ಕೆಪಾಸಿಟರ್ ಮೇಲೆ ಅಚ್ಚಾಗಿರುವ ಅಂಕಿಗಳನ್ನೂ ಬರೆದು ಕಳಿಸಿ.